ಸೇತುವೆ ದಾಟಿದ ಬೆನ್ನು

ಕಳೆದ ತಿಂಗಳು ದೋಹಾದ ಒಂದು ದೊಡ್ಡ ಅಂಗಡಿಯಲ್ಲಿ ಹುಲ್ಲಿನ ಚಾಪೆಗಳನ್ನು ಸುರುಳಿ ಸುತ್ತಿ ಸಾಲಾಗಿ ನಿಲ್ಲಿಸಿದ್ದರು. ನಾನು ಹೋದದ್ದು ಕುಕ್ಕರಿಗೆ ಗ್ಯಾಸ್ಕೆಟ್ ಹುಡುಕಿಕೊಂಡು. ಯಾರಿಗೋ ತೋರಿಸಲೆಂದು ಸೇಲ್ಸ್‌ಮನ್ ಒಂದು ಚಾಪೆಯ ಪ್ಲಾಸ್ಟಿಕ್ ಹರಿದು ನೆಲದ ಮೇಲೆ ಬಿಡಿಸಿದ. ಒಣಹುಲ್ಲಿನ ವಾಸನೆ, ಅದರೊಳಗೆ ಸ್ವಲ್ಪ ಕೆಸರಿನದೂ ಸೇರಿದ ಹಾಗೆ... ಗ್ಯಾಸ್ಕೆಟ್ ಮರೆತೇಹೋಯಿತು. ಆ ವಾಸನೆ ನನ್ನ ಪಾಲಿಗೆ ಒಬ್ಬರ ಮನೆಯದು. ಆ ಮನೆ ಈಗ ಇಲ್ಲ, ಅವರೂ ಇಲ್ಲ.

ಎರಡು ಸಾವಿರದ ಆಸುಪಾಸಿನ ವರ್ಷಗಳವು. ದೋಹಾದ ಅಲ್ ಹಿಲಾಲ್ ಬಡಾವಣೆಯಲ್ಲಿ ಒಂದು ಹಳೆಯ ವಿಲ್ಲಾವನ್ನು ಗೋಡೆ ಎಬ್ಬಿಸಿ ನಾಲ್ಕು ಸಂಸಾರಗಳಿಗೆ ಹಂಚಿದ್ದರು. ಕೆಳಗೆ ನಾವು. ನಮ್ಮ ಪಕ್ಕದಲ್ಲಿ ಶಾಲೆಯಲ್ಲಿ ಪಾಠ ಹೇಳುತ್ತಿದ್ದ ಉಡುಪಿ ಕಡೆಯ ಕ್ರಿಶ್ಚಿಯನ್ ಹೆಂಗಸು. ಕರಾವಳಿಯಲ್ಲಿ ಕ್ರಿಶ್ಚಿಯನ್ ಹೆಂಗಸರನ್ನು ಕರೆಯುವ ಹಾಗೆ ಎಲ್ಲರಿಗೂ ಅವರು ಟೀಚರ್ ಬಾಯಿ. ನಮ್ಮ ತಲೆಯ ಮೇಲಿನ ಮನೆಯಲ್ಲಿ ಬಂದರಿನ ಟಗ್‌ಬೋಟಿನಲ್ಲಿ ಎಂಜಿನಿಯರಾಗಿದ್ದ ಮಂಗಳೂರಿನವರೊಬ್ಬರು ಮತ್ತು ಅವರ ಹೆಂಡತಿ. ಹೆಂಡತಿ ಜಪಾನಿನವರು. ನಾವು ಅವರನ್ನು ಜಪಾನಕ್ಕ ಎನ್ನುತ್ತಿದ್ದೆವು, ಅವರ ಗಂಡನನ್ನು ಭಾವ ಎನ್ನುತ್ತಿದ್ದೆವು.

ಭಾವನ ಹಡಗು ಹಿಂದೊಮ್ಮೆ ರಿಪೇರಿಗೆಂದು ಜಪಾನಕ್ಕನ ಊರಿನ ಹತ್ತಿರದ ಬಂದರಿನಲ್ಲಿ ನಿಂತಿತ್ತಂತೆ. ಹಡಗು ರಿಪೇರಿಯಾಗಿ ಹೊರಟಿತು, ಇವರ ಮನಸ್ಸು ಅಲ್ಲೇ ಉಳಿಯಿತು. ಮದುವೆಯಾದ ಮೇಲೆ ಜಪಾನಕ್ಕ ಗಂಡನಿಂದ ತುಳು ಕಲಿತರು, ನಮ್ಮಿಂದ ಕನ್ನಡ ಕಲಿತರು, ಕತಾರಿನಿಂದ ಅರಬಿಯ ನಾಲ್ಕು ಮಾತು ಕಲಿತರು. ಇಲ್ಲಿಗೆ ಬಂದ ಮೊದಲ ವಾರದಲ್ಲೇ ಎಲ್ಲರ ನಾಲಗೆಗೂ ಅಂಟಿಕೊಳ್ಳುವ 'ಮಾಫಿ' ಅವರಿಗೆ ಬಹಳ ಪ್ರಿಯ. ಇಲ್ಲ ಎನ್ನುವುದಕ್ಕೆಲ್ಲ ಅದೇ. ಹಾಲು ಮಾಫಿ, ಕರೆಂಟು ಮಾಫಿ, ಟೀಚರ್ ಬಾಯಿಗೆ ತಾಳ್ಮೆ ಮಾಫಿ. ಅವರ ನಡುಮನೆಯಲ್ಲಿ ಸೋಫಾ ಇರಲಿಲ್ಲ. ಗೋಡೆಯಿಂದ ಗೋಡೆಗೆ ಹುಲ್ಲಿನ ಚಾಪೆ ಹಾಸಿತ್ತು. ಏಸಿ ಹಾಕಿದ ಕೋಣೆಯ ಬಾಗಿಲು ತೆಗೆದರೆ ಆ ವಾಸನೆ ಎದುರು ಬಂದು ಕರೆಯುತ್ತಿತ್ತು.

ಅವರ ಊರು ಕುರಾಶಿಕಿ. ನಡುವೆ ಸಣ್ಣ ಕಾಲುವೆ, ಅದರ ದಡದಲ್ಲಿ ನೀರಿಗೆ ಬಾಗಿದ ಮರಗಳು, ಬಿಳಿ ಗೋಡೆ ಕಪ್ಪು ಹೆಂಚಿನ ಹಳೆಯ ಉಗ್ರಾಣಗಳು. ಜಪಾನಿನಲ್ಲಿ ಹಳೆಯ ಕಾಲದ ಸಿನಿಮಾ ತೆಗೆಯುವವರಿಗೆ ಆ ಬೀದಿಯೆಂದರೆ ಪ್ರಾಣವಂತೆ. ಕಾಲುವೆಯಿಂದ ಒಳಗೆ ಹೋಗುವ ಗಲ್ಲಿಯಲ್ಲಿ ಅವರ ಅಪ್ಪನ ಚಾಪೆ ಅಂಗಡಿ. ಶೂಟಿಂಗಿನವರು ಬಂದಾಗ ಏನಾಗುತ್ತಿತ್ತೆಂದು ಜಪಾನಕ್ಕ ನಟನೆ ಮಾಡಿ ತೋರಿಸುತ್ತಿದ್ದರು. ರಸ್ತೆಯ ಮೇಲೆ ಮಣ್ಣು ಸುರಿಯುವುದು, ಅಂಗಡಿಯ ಬೋರ್ಡಿಗೆ ಬಿದಿರಿನ ಪರದೆ ಇಳಿಬಿಡುವುದು, ಸೈಕಲ್ಲುಗಳನ್ನು ಹಿತ್ತಿಲಿಗೆ ದಬ್ಬುವುದು, ಮನೆ ಮನೆಗೆ ಬಂದು ಬಗ್ಗಿ ಬಗ್ಗಿ, ದಯವಿಟ್ಟು ಇವತ್ತು ಬಟ್ಟೆ ಒಣಗಿಸಬೇಡಿ ಎಂದು ಕೇಳಿಕೊಳ್ಳುವುದು. ಆ ಸಿನಿಮಾಗಳಲ್ಲಿ ಅವರ ಊರಿಗೆ ಅವರ ಊರಿನ ಹೆಸರೂ ಇರುತ್ತಿರಲಿಲ್ಲ. ಒಮ್ಮೆ ಹಳೆಯ ರಾಜಧಾನಿ, ಒಮ್ಮೆ ಬೇರೆ ಯಾವುದೋ ಪೇಟೆ.

ಒಂದು ಸಲ ಟೀವಿಯಲ್ಲಿ ಅಂಥ ಒಂದು ಸಿನಿಮಾ ನೋಡುತ್ತಾ ನಾನು, "ಎಷ್ಟು ಚಂದದ ಊರು ಅಕ್ಕ ನಿಮ್ದು!" ಎಂದು ಬಾಯಿಬಿಟ್ಟೆ. ಮರಳು, ಧೂಳು, ಇಲ್ಲಿನ ವೆಸ್ಟ್ ಬೇ ಬಡಾವಣೆಯಲ್ಲಿ ದಿನಕ್ಕೊಂದು ಏಳುತ್ತಿದ್ದ ಕ್ರೇನು ನೋಡಿ ಸಾಕಾಗಿದ್ದ ಕಣ್ಣು ನನ್ನದು. ಅಲ್ಲಿನ ಕಚೇರಿಯೊಂದರಲ್ಲಿ ಇಡೀ ದಿನ ಟೈಪ್ ಮಾಡಿ ಬಂದವಳಿಗೆ ಆ ನೀರು, ಆ ನೆರಳು ಸ್ವರ್ಗವೇ. ಜಪಾನಕ್ಕ ಪರದೆಯನ್ನೇ ನೋಡುತ್ತಾ ಹೇಳಿದರು.

"ಚಂದ ಉಂಟು. ಊರು ಮಾಫಿ."

ಸಿನಿಮಾದಲ್ಲಿ ಆ ಕಾಲುವೆಯ ಸೇತುವೆಯ ಮೇಲೆ ಯಾವಾಗಲೂ ಒಬ್ಬಳು ಹುಡುಗಿ ಕೊಡೆ ಹಿಡಿದು ಅಳುತ್ತಾ ನಿಲ್ಲುತ್ತಾಳೆ, ಯಾರನ್ನೋ ಕಳಿಸಿಕೊಡುತ್ತಾಳೆ. ನಿಜವಾಗಿ ಅಲ್ಲಿ ಯಾರಾದರೂ ಅಳುತ್ತಾ ನಿಂತರೆ ಟೂರಿಸ್ಟುಗಳು ಫೋಟೋ ತೆಗೆದಾರು ಎಂದು ಅವರು ನಗುತ್ತಿದ್ದರು. ಅವರು ಊರು ಬಿಟ್ಟದ್ದು ಆ ಸೇತುವೆಯ ಮೇಲಿಂದಲ್ಲ. ಪೆಟ್ರೋಲ್ ಬಂಕಿನ ಎದುರಿನ ಬಸ್‌ಸ್ಟಾಪಿನಿಂದ. ಕಳಿಸಲು ತಮ್ಮ ಒಬ್ಬನೇ ಬಂದಿದ್ದ. ಹೊರಡುವ ಮೊದಲು ಅಂಗಡಿಗೆ ಹೋಗಿ ಅಪ್ಪನಿಗೆ ನಮಸ್ಕಾರ ಹೇಳಿದ್ದರು. ಪರದೇಶದ ಹಡಗಿನವನನ್ನು ಕಟ್ಟಿಕೊಂಡ ಮಗಳ ಕಡೆಗೆ ಅಪ್ಪ ತಿರುಗಲೇ ಇಲ್ಲ. ಗೋಡೆಗೆ ಮುಖ ಮಾಡಿ ಚಾಪೆಯ ಅಂಚು ಹೊಲಿಯುತ್ತಲೇ ಇದ್ದರಂತೆ. ಆಮೇಲೆ ಫೋನು ಮಾಡಿದರೆ ತಮ್ಮ ಎತ್ತುತ್ತಿದ್ದ, ಅಪ್ಪ ಎದ್ದು ಹೋಗುತ್ತಿದ್ದರು.

ಆ ಅಪ್ಪ ಒಂದು ಸಿನಿಮಾದಲ್ಲಿ ಬಂದಿದ್ದಾರೆ ಎಂಬ ಸುದ್ದಿ ತಮ್ಮನಿಂದಲೇ ತಿಳಿಯಿತು. ಶೂಟಿಂಗಿನವರಿಗೆ ಚಾಪೆಯ ಕಟ್ಟು ಹೊತ್ತು ಸೇತುವೆ ದಾಟುವ ಒಬ್ಬ ಮುದುಕ ಬೇಕಾಗಿದ್ದನಂತೆ. ಚಾಪೆ ಹೊರುವುದನ್ನು ಅವರಿಗೆ ಯಾರೂ ಹೇಳಿಕೊಡಬೇಕಾಗಿರಲಿಲ್ಲ. ರಜೆಗೆ ಹೋಗಿದ್ದ ಜಪಾನೀ ಎಂಜಿನಿಯರೊಬ್ಬರ ಹೆಂಡತಿಯ ಕೈಯಲ್ಲಿ ಜಪಾನಕ್ಕ ಆ ಡಿವಿಡಿ ತರಿಸಿದರು. ಒಬ್ಬರೇ ಕೂತು ನೋಡಲು ಧೈರ್ಯ ಬರಲಿಲ್ಲವೋ ಏನೋ, ಒಂದು ಶುಕ್ರವಾರ ಊಟವಾದ ಮೇಲೆ ನಮ್ಮನ್ನೆಲ್ಲ ಮೇಲಕ್ಕೆ ಕರೆದರು.

ಗಲ್ಫಿನ ನಮ್ಮವರಿಗೆ ಆ ಕಾಲದಲ್ಲಿ ಸಿಡಿ ನೋಡುವುದೆಂದರೆ ಊರಿನ ಮದುವೆಯ ಸಿಡಿ ನೋಡುವುದು. ಹೋಗಲಾಗದ ಮದುವೆಗಳನ್ನೆಲ್ಲ ಹೀಗೆ ನೋಡಿ ಮುಗಿಸಿದವರು ನಾವು. ಮದುಮಗ ಮದುಮಗಳು ನಮಗೆ ಬೇಡ. ಧಾರೆಯನ್ನು ಓಡಿಸಿ, ಆರತಿಯನ್ನು ಓಡಿಸಿ, ಊಟದ ಪಂಕ್ತಿ ಬಂದ ಕೂಡಲೇ ನಿಲ್ಲಿಸುವುದು. ಹಿಂದೆ ಪಾಯಸದ ಬಕೆಟು ಹಿಡಿದವನು ಯಾರು, ಕಂಬದ ಹತ್ತಿರ ಬಾಗಿ ಕೂತ ಅತ್ತೆ ಇಷ್ಟು ಬಡವಾದದ್ದು ಯಾವಾಗ... ನಮ್ಮ ಅಳು ನಗು ಎಲ್ಲ ಅಲ್ಲಿ. ಜಪಾನಿನ ಆ ಸಿನಿಮಾವನ್ನೂ ನಾವು ಹಾಗೆಯೇ ನೋಡಿದೆವು. ಟೀಚರ್ ಬಾಯಿಯ ಕೈಯಲ್ಲಿ ರಿಮೋಟು. ಹೀರೋ ಹೀರೋಯಿನ್ನು ಎದೆ ಒಡೆದುಕೊಂಡು ಬೀಳ್ಕೊಡುವ ದೃಶ್ಯವನ್ನು ಅವರು ಗುಂಡಿ ಒತ್ತಿ ಓಡಿಸಿಯೇಬಿಟ್ಟರು. ಬೀದಿಯಲ್ಲಿ ಮುದುಕರು ಯಾರು ಬಂದರೂ ನಿಲ್ಲಿಸಿ, "ಇವರಾ?" ಎಂದು ಕೇಳುವುದು. "ಮಾಫಿ," ಎಂದು ಜಪಾನಕ್ಕ.

ಕೊನೆಗೆ ಅವರು ಚಾಪೆಯ ಮೇಲೆ ಮುಂದಕ್ಕೆ ಸರಿದು ಕೈ ಎತ್ತಿದರು. ಮಂಜು ಕವಿದ ಕಾಲುವೆ. ಎದುರಿಗೆ ಹೀರೋಯಿನ್ನಿನ ಮುಖ, ಅರ್ಧ ಪರದೆ ತುಂಬುವಷ್ಟು. ಅವಳ ಭುಜದಾಚೆ, ದೂರದಲ್ಲಿ, ಹೆಗಲ ಮೇಲೆ ಕಟ್ಟು ಹೊತ್ತ ಒಬ್ಬರು ನಮಗೆ ಬೆನ್ನು ಹಾಕಿ ಸೇತುವೆ ಹತ್ತಿ, ಇಳಿದು, ಮರದ ಹಿಂದೆ ಮರೆಯಾದರು. ಅಷ್ಟೇ.

ಹಿಂದಕ್ಕೆ ಹಾಕಿ ನೋಡಿದೆವು. ಮತ್ತೆ ನೋಡಿದೆವು. ಟೀಚರ್ ಬಾಯಿಗೆ ಸಿಟ್ಟು ಬಂತು.

"ಎಂಥ ಡೈರೆಕ್ಟರ್ ಮಾರಾಯ್ತಿ! ಆ ಹುಡುಗಿಯ ಮೂತಿ ಇಷ್ಟು ಹೊತ್ತು ತೋರಿಸ್ತಾನೆ. ಒಂದು ಸಲ ಆ ಅಪ್ಪನನ್ನು ತಿರುಗಿಸ್ಲಿಕ್ಕೆ ಅವನ ಗಂಟು ಏನು ಹೋಗ್ತಿತ್ತು?"

ನಾವು ನಕ್ಕೆವು. ಜಪಾನಕ್ಕನೂ ನಕ್ಕರು. ನಗುತ್ತಲೇ, "ಅಪ್ಪ ಹಾಗೇ. ಸಿನಿಮಾದವರು ಹೇಳಿದ್ರೂ ತಿರುಗುದಿಲ್ಲ," ಎಂದರು. ಆಮೇಲೆ ಚಹಾ ತರುತ್ತೇನೆಂದು ಒಳಗೆ ಹೋದವರು ಬಹಳ ಹೊತ್ತು ಬರಲಿಲ್ಲ. ಟೀಚರ್ ಬಾಯಿಯೇ ಎದ್ದು ಹೋಗಿ ಅವರ ಜೊತೆ ಅಡುಗೆಮನೆಯಲ್ಲಿ ನಿಂತರು.

ಅಪ್ಪನಿಗೆ ಮರೆವು ಶುರುವಾಗಿದೆ, ಬರುವುದಿದ್ದರೆ ಈಗ ಬಾ ಎಂದು ತಮ್ಮ ಹೇಳಿದ್ದು ಅದರ ಮರುವರ್ಷ. ಭಾವ ಟಿಕೆಟ್ಟು ತೆಗೆಯುತ್ತೇನೆಂದರೂ ಜಪಾನಕ್ಕ ದಿನ ದೂಡಿದರು. ಇನ್ನೊಮ್ಮೆ ಆ ಬೆನ್ನು ನೋಡುವ ಶಕ್ತಿ ನನಗಿಲ್ಲ ಎಂದು ನನ್ನ ಹತ್ತಿರ ಹೇಳಿದರು. ಅಳಲಿಲ್ಲ, ಬಟ್ಟೆ ಮಡಚುತ್ತಾ ಹೇಳಿದರು. ನಾನೂ ಒಂದು ಅಂಗಿ ಎತ್ತಿಕೊಂಡು ಮಡಚತೊಡಗಿದೆ. ಭಾವನೇ ಒಂದು ದಿನ, "ಯಲ್ಲಾ, ಹೊರಡು," ಎಂದು ಪೆಟ್ಟಿಗೆ ಕಟ್ಟಿ ವಿಮಾನ ಹತ್ತಿಸಿದರು.

ಮರಳಿ ಬಂದಾಗ ಅವರು ಹೇಳಿದ್ದು ಇದು. ಗಲ್ಲಿಯಲ್ಲಿ ನಡೆದು ಅಂಗಡಿಯ ಬಾಗಿಲಿಗೆ ಬಂದಿದ್ದಾರೆ. ಅಪ್ಪ ಒಳಗೆ ಕೂತಿದ್ದಾರೆ. ನೆರಳು ಬಿದ್ದದ್ದೇ ತಲೆ ಎತ್ತಿದ್ದಾರೆ, ಎದ್ದು ನಿಂತು ಸೊಂಟ ಬಗ್ಗಿಸಿ ನಮಸ್ಕರಿಸಿದ್ದಾರೆ. ಬನ್ನಿ ಬನ್ನಿ, ದೂರದಿಂದ ಬಂದಿರಾ, ಸಿನಿಮಾದಲ್ಲಿ ನೋಡಿ ಬಂದಿರಾ ಎಂದು ಕೇಳಿದ್ದಾರೆ. ಮಗಳನ್ನು ಊರು ನೋಡಲು ಬಂದ ಗಿರಾಕಿ ಎಂದುಕೊಂಡಿದ್ದಾರೆ. ಒಂದೊಂದೇ ಚಾಪೆ ಬಿಡಿಸಿ, ಮುಖ ನೋಡಿ ನೋಡಿ, ನಗುನಗುತ್ತಾ ವಿವರಿಸಿದ್ದಾರೆ.

"ಮತ್ತೆ ಗುರ್ತ ಸಿಕ್ಕಿತಾ?" ಎಂದು ಟೀಚರ್ ಬಾಯಿ ಕೇಳಿದರು.

"ಇಲ್ಲ. ಗುರ್ತ ಸಿಕ್ಕಿದ್ರೆ ಗೋಡೆಗೆ ತಿರುಗ್ತಿದ್ರು."

ಅವರು ಹೆಚ್ಚು ದಿನ ದೋಹಾದಲ್ಲಿ ನಿಲ್ಲಲಿಲ್ಲ. ದಿನ ಬೆಳಗಾದರೆ ಅಪ್ಪನಿಗೆ ತಾನು ಹೊಸ ಗಿರಾಕಿ, ದಿನಕ್ಕೊಂದು ಸಲವಾದರೂ ಮುಖ ಕೊಟ್ಟು ಮಾತಾಡುತ್ತಾರೆ, ಅದು ಇರುವಷ್ಟು ದಿನ ಅಲ್ಲೇ ಇರುತ್ತೇನೆ ಎಂದರು. ಭಾವ ಬೇಡ ಎನ್ನಲಿಲ್ಲ. ಅಪ್ಪ ಹೋದ ಮೇಲೂ ಅವರು ಅಂಗಡಿ ಬಿಟ್ಟು ಬರಲಿಲ್ಲ. ಕೆಲಸ ಖಲಾಸ್ ಆದದ್ದೇ ಭಾವನೂ ಅಲ್ಲಿಗೇ ಹೋದರು. ಅಲ್ ಹಿಲಾಲಿನ ಆ ವಿಲ್ಲಾ ಕೆಡವಿದರು. ಟೀಚರ್ ಬಾಯಿ ಊರಿಗೆ ಹೋದರು. ಮೊದಮೊದಲು ಫೋನಿತ್ತು, ಆಮೇಲೆ ಹೊಸ ವರ್ಷಕ್ಕೆ ಮಾತ್ರ, ಆಮೇಲೆ ಅದೂ...

ಹೋದ ವರ್ಷ ಮಂಗಳೂರಿನಿಂದ ಭಾವನ ಫೋನು ಬಂತು. ಜಪಾನಕ್ಕ ತೀರಿಕೊಂಡು ಆಗಲೇ ಕೆಲವು ತಿಂಗಳಾಗಿತ್ತು, ಭಾವ ಊರಿಗೆ ಮರಳಿದ್ದರು. ಅವರ ಕೊನೆಯ ಚಳಿಗಾಲದಲ್ಲಿ ಶೂಟಿಂಗಿನವರು ಮತ್ತೆ ಬಂದಿದ್ದರಂತೆ. ಕಾಲುವೆಯ ದಡದಲ್ಲಿ ಚಾಪೆಯ ಕಟ್ಟು ಹಿಡಿದು ನಡೆಯಲು ಒಬ್ಬ ಹೆಂಗಸು ಬೇಕು ಎಂದು ಇವರನ್ನೇ ಕೇಳಿದರಂತೆ. ಒಪ್ಪಿ ಹೋದರು, ಕಟ್ಟು ಎತ್ತಿಕೊಂಡರು, ನಡೆಯುತ್ತಾ ನಡೆಯುತ್ತಾ ಕ್ಯಾಮೆರಾದ ಕಡೆಗೆ ತಿರುಗಿ ನೋಡಿದರು. ಹಿಂದೆ ನಡೆಯುವವರು ಹೀಗೆ ನೋಡಬಾರದು ಎಂದು ತಿದ್ದಿದರು. ಮತ್ತೆ ತಿರುಗಿದರು. ಮೂರನೆಯ ಸಲ ಕೇಳಿದಾಗ ಕಟ್ಟನ್ನು ಕೆಳಗಿಟ್ಟು, ಬಗ್ಗಿ ನಮಸ್ಕರಿಸಿ, ಅಂಗಡಿಗೆ ಬಂದುಬಿಟ್ಟರು. ಭಾವ ಇದನ್ನು ನಗುತ್ತಾ ಹೇಳಹೊರಟರು. ಹೇಳಿ ಮುಗಿಸಲಾಗಲಿಲ್ಲ.

ಅವತ್ತು ಫೋನಿಟ್ಟ ಮೇಲೆ ನಾನು ಹಳೆಯ ಆಲ್ಬಮ್ಮುಗಳನ್ನೆಲ್ಲ ನೆಲಕ್ಕೆ ಸುರಿದುಕೊಂಡೆ. ಹುಟ್ಟಿದ ಹಬ್ಬಗಳು, ಈದ್ ರಜೆಯ ಪಿಕ್ನಿಕ್ಕುಗಳು, ಟೀಚರ್ ಬಾಯಿಯ ಕ್ರಿಸ್‌ಮಸ್ ಕೇಕು. ನಾವೆಲ್ಲ ಇದ್ದೇವೆ. ಕಣ್ಣು ಮುಚ್ಚಿದವರು ಯಾರೂ ಇಲ್ಲ, ತಲೆ ಕತ್ತರಿಸಿ ಹೋದವರು ಯಾರೂ ಇಲ್ಲ. ಎಲ್ಲರೂ ನೇರ ನೋಡುತ್ತಿದ್ದೇವೆ, ಏಕೆಂದರೆ ಎಲ್ಲರ ಮುಖವೂ ಬರುವವರೆಗೆ ಅವರು ನಮ್ಮನ್ನು ಬಿಡುತ್ತಿರಲಿಲ್ಲ. ಅಷ್ಟೂ ಫೋಟೋಗಳನ್ನು ತೆಗೆದವರು ಜಪಾನಕ್ಕ. ಅವರದೊಂದು ಫೋಟೋ ತೆಗೆಯಬೇಕೆಂದು ನಮಗೆ ಯಾರಿಗೂ ಹೊಳೆದಿರಲಿಲ್ಲ.