ತಪ್ಪಿದ ಒದೆತ, ಮಡಚಿದ ಎಲೆ

ಯಾವುದೇ ಆಗಲಿ, ಮುಗಿಯುವ ಮೊದಲೇ "ಮುಗೀತು" ಎಂದು ಎದ್ದುಬಿಡುವ ಚಾಳಿ ನನ್ನದು. ಚಿಕ್ಕಂದಿನಲ್ಲಿ ಪಂಕ್ತಿಯಲ್ಲಿ ಕೂತರೆ, ಸಾರನ್ನ ಆದೊಡನೆ ಎಲೆ ಮಡಚುತ್ತಿದ್ದೆ. "ಲೋ, ಮಜ್ಜಿಗೆ ಇನ್ನೂ ಬರ್ಬೇಕು ಕಣೋ, ಬಿಚ್ಚೋ ಎಲೇನ!" ಎಂದು ಅಜ್ಜಿ ಅಡುಗೆಮನೆಯಿಂದಲೇ ಕೂಗುತ್ತಿದ್ದಳು. ಐವತ್ತು ದಾಟಿ ಅಮೆರಿಕದ ಪಿಸ್ಕಾಟವೇಯಲ್ಲಿ ನೆಲೆಸಿದರೂ ಚಾಳಿ ನನ್ನ ಜೊತೆಗೇ ಬಂದಿದೆ.

ಮಗಳು ಸಿರಿ ಹೈಸ್ಕೂಲಿನ ಫುಟ್‌ಬಾಲ್ ತಂಡದ ಕಿಕ್ಕರ್, ಅಂದರೆ ಚೆಂಡು ಒದೆಯುವವಳು. ಚೆಂಡನ್ನು ಕಂಕುಳಲ್ಲಿಟ್ಟುಕೊಂಡು ಓಡುವ ಆಟಕ್ಕೆ ಕಾಲಿನ ಹೆಸರಿಟ್ಟ ಈ ದೇಶದ ಮಾನವನ್ನು ಅವಳಂಥ ಕೆಲವರೇ ಕಾಪಾಡುತ್ತಿರುವುದು.

ಅದು ಸೀಸನ್ನಿನ ಕೊನೆಯ ಆಟ, ಶನಿವಾರ ಮಧ್ಯಾಹ್ನ. ಅಂಕಗಳು ಸಮಸಮ, ಉಳಿದದ್ದು ನಾಲ್ಕೇ ಸೆಕೆಂಡು. ಎರಡು ಕಂಬಗಳ ನಡುವೆ ಸಿರಿ ಚೆಂಡು ತೂರಿಸಿದರೆ ಗೆದ್ದೆವು. ಹೆಂಡತಿ ವಸುಧಾ ಎಂದಿನಂತೆ ಕಣ್ಣು ಮುಚ್ಚಿಕೊಂಡಳು. ತಾಯಿ ನೋಡಿದರೆ ದೃಷ್ಟಿಯಾಗುತ್ತದಂತೆ. ಫಲಿತಾಂಶ ಹೇಳುವ ಕೆಲಸ ನನ್ನದು.

"ಹೋಯ್ತೇನ್ರೀ?"

ಚೆಂಡು ಕಂಬ ತಲುಪುವ ಮೊದಲೇ ಇಳಿಯತೊಡಗಿತ್ತು. "ಇಲ್ಲ ಕಣೆ, ಮುಗೀತು. ಮಗು ಅಳ್ತಾ ಇರತ್ತೆ, ಬಾ" ಎಂದವನೇ ಪುಳಿಯೋಗರೆ ಡಬ್ಬಿಯ ಮುಚ್ಚಳ ಹಾಕಿ, ಸಮಾಧಾನದ ಭಾಷಣ ಜೋಡಿಸಿಕೊಳ್ಳುತ್ತ, ಅವಳನ್ನೂ ಎಳೆದುಕೊಂಡು ಆ ಕಂಬಗಳಿಗೆ ಎದುರಾದ, ಮೈದಾನದ ಈ ತುದಿಯ ಗೇಟಿಗೆ ಇಳಿದೆ.

ಹಿಂದಿನಿಂದ ವಸುಧಾಳ ಅಣ್ಣ ಕೂಗಿದರು. ಪಕ್ಕದ ರಾಜ್ಯದ ಜೆರಿಕೋದಿಂದ ಬಂದಿದ್ದ ಭಾವನಿಗೆ ನಿಯಮಪುಸ್ತಕವೆಲ್ಲ ಬಾಯಿಪಾಠ. "ಎಲ್ಲಿಗ್ರೀ? ಬಾಲ್ ಇನ್ನೂ ಜೀವಂತ ಇದೆ!"

ನಿಜ. ಹೈಸ್ಕೂಲಿನ ಆಟದಲ್ಲಿ, ತಪ್ಪಿದ ಚೆಂಡು ಗೋಲ್ ಗೆರೆ ದಾಟಿದರೆ ಅದರ ಕತೆ ಅಲ್ಲಿಗೇ ಮುಗಿಯಿತು. ಗೆರೆಯಿಂದ ಈಚೆಗೇ ಇಳಿದರೆ ಮಾತ್ರ ಎದುರಾಳಿ ಹಿಡಿದು ಓಡಬಹುದು; ಈ ತುದಿಯ ಗೆರೆ ದಾಟಿದರೆ ಗೆಲುವು ಅವರದು. ಗಡಿಯಾರ ಸೊನ್ನೆಗಿಳಿದರೂ ಆ ಓಟ ನಿಲ್ಲುವವರೆಗೆ ಆಟ ಮುಗಿಯದು. ತಮಾಷೆಯೆಂದರೆ, ಒದೆಯುವ ಹೊತ್ತಿಗೆ ನಮ್ಮ ಕಡೆ ನಿಂತಿರುವವರೆಲ್ಲ ಅಡ್ಡಗೋಡೆಯಂಥ ದೈತ್ಯರು. ತಳ್ಳುವುದರಲ್ಲಿ ಶೂರರು, ಅಟ್ಟಿಸಿಕೊಂಡು ಓಡು ಅಂದರೆ ಏದುಸಿರು.

ಗೆರೆಗೆ ಎರಡು ಗಜ ಈಚೆ ಚೆಂಡು ಹಿಡಿದ ಎದುರಾಳಿ ಹುಡುಗ ಈ ತುದಿಯತ್ತ ನುಗ್ಗಿದ. ಒಬ್ಬ ದೈತ್ಯ ಜಾರಿದ, ಇನ್ನೊಬ್ಬ ಅವನ ಮೇಲೆ ಬಿದ್ದ. ಇನ್ನು ಉಳಿದದ್ದು ಒದ್ದವಳೊಬ್ಬಳೇ. ಅಳಬೇಕಾಗಿದ್ದ ನಮ್ಮ ಮಗು ಓಡುತ್ತಿತ್ತು! ಜಡೆ ಹೆಲ್ಮೆಟ್ಟಿನಿಂದ ಹೊರಬಿದ್ದು ಬೆನ್ನಿಗೆ ಬಡಿಯುತ್ತಿತ್ತು. ಐವತ್ತು ಗಜ, ಮೂವತ್ತು, ಹತ್ತು... ನಾವು ನಿಂತಿದ್ದ ಬೇಲಿಯ ಮುಂದೆಯೇ ಅವನ ಸೊಂಟಕ್ಕೆ ಹೆಗಲಿನಿಂದ ಗುದ್ದಿ, ಪಕ್ಕದ ಗೆರೆಯಾಚೆ ಕೆಡವಿದಳು!

"ಬಿಡ್ಬೇಡ್ವೇ, ಸಿರೀ!" ಎಂದು ಅಷ್ಟು ಹೊತ್ತೂ ಕಿರುಚುತ್ತಿದ್ದದ್ದು ವಸುಧಾ. ಕಣ್ಣು ಪೂರ್ತಿ ತೆರೆದಿತ್ತು.

ಹೆಚ್ಚುವರಿ ಆಟದಲ್ಲಿ ಗೆಲ್ಲಿಸಿದವನು ಬೇರೊಬ್ಬ ಹುಡುಗ. ಆದರೆ ಸೋಲದಂತೆ ಉಳಿಸಿದ್ದು ಗುರಿ ತಪ್ಪಿದ ಹುಡುಗಿಯೇ.

ಕಾರಿನಲ್ಲಿ ಸಿರಿ ಕೇಳಿದಳು. "ಅಪ್ಪಾ, ವೈ ವರ್ ಯು ಅಟ್ ದ ಗೇಟ್?"

"ಹತ್ತಿರದಿಂದ ನೋಡೋಣ ಅಂತ..."

"ಸುಳ್ಳು ಕಣೆ! ನಿಮ್ಮಪ್ಪ ಆಗ್ಲೇ ಎಲೆ ಮಡಚಿ ಎದ್ದಾಗಿತ್ತು" ಎಂದಳು ವಸುಧಾ.

ನಾನು ಪುಳಿಯೋಗರೆ ಡಬ್ಬಿಯ ಮುಚ್ಚಳ ಮತ್ತೆ ತೆಗೆದೆ.