ದೃಷ್ಟಿಬೊಟ್ಟಿನ ಮಾನಿಟರ್

ನಮ್ಮ ಮನೆಯ ಮೊದಲ ಮಾನಿಟರ್ ಹಳೆ ಟಿ.ವಿ.ಯಷ್ಟೇ ದಪ್ಪ ಬೆನ್ನಿನದು. ಸೋಮವಾರಪೇಟೆಯ ಪ್ರೆಸ್ಸಿನವರು ಬಳಸಿ ಬಿಟ್ಟದ್ದನ್ನು ಕೊಂಡು ತಂದು ಮಾದಾಪುರದ ಮನೆಯ ಮುಂದಿನ ಕೋಣೆಯಲ್ಲಿ ಇಟ್ಟುಕೊಂಡಿದ್ದೆ. ಮದುವೆ ಕಾಗದ, ಗೃಹಪ್ರವೇಶದ ಕಾಗದ, ಅಂಗಡಿಗಳ ಬಿಲ್ ಪುಸ್ತಕ ಇವನ್ನೆಲ್ಲ ಕನ್ನಡದಲ್ಲಿ ಟೈಪ್ ಮಾಡಿ, ಸಿ.ಡಿ.ಗೆ ಹಾಕಿ, ಬಸ್ಸು ಹತ್ತಿ ಅದೇ ಪ್ರೆಸ್ಸಿಗೆ ಮುಟ್ಟಿಸುವುದು ನನ್ನ ಕೆಲಸ. ನಡುವಯಸ್ಸು ದಾಟಿದ ಮೇಲೆ ಕಲಿತ ವಿದ್ಯೆ. ಅದರ ಮೇಲೆ ನನಗಿದ್ದ ಜಂಬ ಅಷ್ಟಿಷ್ಟಲ್ಲ.

ಹಗಲು ನಾನು ಕೆಲಸ ಮಾಡುವಾಗ ಅತ್ತೆ ಹೊಲಿಗೆ ಹಿಡಿದು ಪಕ್ಕದಲ್ಲಿ ಕೂರುತ್ತಿದ್ದರು, ಸಂಜೆಯಾಯಿತೆಂದರೆ ಕಂಪ್ಯೂಟರ್ ಪೆಟ್ಟಿಗೆ ಅವರ ವಶ. ಅದರೊಳಗೆ ಒಬ್ಬರೇ ಆಡುವ ಇಸ್ಪೀಟಿನ ಆಟವಿದೆ ಎಂದು ಯಾರು ಹೇಳಿಕೊಟ್ಟರೋ, ಒಂದು ದಿನ ಬಂದು ಕೂತವರು ಏಳಲೇ ಇಲ್ಲ. ಕೊಡಗು ಮೈಸೂರು ರಾಜ್ಯಕ್ಕೆ ಸೇರಿದ ಹೊಸದರಲ್ಲಿ ಅವರು ಈ ಮನೆಗೆ ಮದುವೆಯಾಗಿ ಬಂದದ್ದು. ಆಗ ಮಾವ, ಅವರ ತಂಗಿ, ತಮ್ಮ ಎಲ್ಲ ಸುತ್ತ ಕೂತು ಎಲೆ ಹಾಕುತ್ತಿದ್ದರಂತೆ. ಹೊಸ ಸೊಸೆ ಎಲ್ಲರನ್ನೂ ಸೋಲಿಸಿದ ಕಥೆಯನ್ನು ನಾನು ಬೇಡವೆಂದರೂ ಹೇಳುತ್ತಿದ್ದರು.

ಅತ್ತೆಯದು ಕೊಡಗಿನ ಅರೆಭಾಷೆ, ನನ್ನದು ಹಾಸನದ ಕಡೆಯ ಮಾತು. ಅವರ ಭಾಷೆಯಲ್ಲಿ ‘ಇದೆ’ ಅನ್ನುವುದಕ್ಕೆ ಉಟ್ಟು, ಹುಡುಗಿ ಎಂದರೆ ಗೂಡೆ. ನನ್ನ ತಲೆಯೆಲ್ಲ ನರೆತ ಮೇಲೂ ಅವರಿಗೆ ನಾನು ಗೂಡೆಯೇ.

ಆ ವರ್ಷ ಒಂದು ಮದುವೆ ಕಾಗದದಲ್ಲಿ ‘ವಧು’ ಹೋಗಿ ‘ವದು’ ಆಯಿತು. ಧ ಮತ್ತು ದ ನಡುವೆ ಇರುವುದು ಕೆಳಗಿನ ಒಂದು ಸಣ್ಣ ಸೀಳು, ಅಷ್ಟೇ. ಅದು ನನಗೆ ಕಂಡಿರಲಿಲ್ಲ. ಪ್ರೆಸ್ಸಿನವರು ಬೈದಿದ್ದರೆ ನಾನೂ ಎರಡು ಮಾತು ತಿರುಗಿಸಿ ಕೊಡುತ್ತಿದ್ದೆ, ನನ್ನ ಬಾಯಿಯೇನು ಕಡಿಮೆಯದಲ್ಲ. ಅವರು ಮೆತ್ತಗೆ, “ಅಕ್ಕಾ, ಇದು ನೀವೇ ಮಾಡಿದ್ದಾ?” ಎಂದರು. ತಪ್ಪಾದ ಕಾಗದವನ್ನು ಚೀಲಕ್ಕೆ ತುರುಕಿಕೊಂಡು ಮನೆಗೆ ಬಂದೆ.

ಆಮೇಲೆ ಒಂದರ ಹಿಂದೆ ಒಂದು ತಪ್ಪು. ಪ ಇರುವಲ್ಲಿ ಫ, ಪರದೆಯ ಮೇಲೆ ಒತ್ತಕ್ಷರ ಇರುವಲ್ಲಿ ಬರೀ ಮಸಿ. ಗಾಜಿಗೆ ಮೂಗು ತಾಗುವಷ್ಟು ಹತ್ತಿರ ಹೋಗಿ ನೋಡಿದರೂ ಅಕ್ಷರ ಕದಡಿದ ನೀರಿನ ಹಾಗೆ. ಹಾಗೆ ದಿನವಿಡೀ ನೋಡಿ ನೋಡಿ ಸಂಜೆ ಹೊತ್ತಿಗೆ ಪೇಪರಿನ ಅಕ್ಷರವೂ ಮಂಜು. ನನಗೆ ಗೊತ್ತಾಗಿಹೋಯಿತು: ಅಪ್ಪನಿಗೆ ಬಂದದ್ದು ನನಗೂ ಬಂತು.

ಅಪ್ಪ ಎಸ್ಟೇಟಿನಲ್ಲಿ ರೈಟರ್ ಆಗಿದ್ದವರು. ಆಳುಗಳ ಹಾಜರಿ ಬರೆಯುವ, ಕಾಫಿ ಕೊಯ್ಲಿನ ಪಿಕ್ಕಿಂಗ್ ಲೆಕ್ಕ ಇಡುವ ಕೆಲಸ. ನಾನು ಚಿಕ್ಕವಳಿದ್ದಾಗಲೇ ಅವರ ದೃಷ್ಟಿ ಕುಂದುತ್ತಾ ಬಂತು. ಸ್ವಲ್ಪ ಕಾಲ ನಾನೇ ಪಕ್ಕದಲ್ಲಿ ಕೂತು ಹೆಸರು ಓದಿ ಹೇಳುತ್ತಿದ್ದೆ, ಅವರು ಅಂದಾಜಿನ ಮೇಲೆ ಗೀಟು ಹಾಕುತ್ತಿದ್ದರು. ಕೊನೆಗೆ ಕೆಲಸವೂ ಹೋಯಿತು, ಎಸ್ಟೇಟಿನವರು ಕೊಟ್ಟಿದ್ದ ಮನೆಯೂ ಹೋಯಿತು. ಇಂಥದ್ದು ಮಕ್ಕಳಿಗೂ ಬರಬಹುದು ಎಂದು ಆಗಲೇ ಡಾಕ್ಟರು ಅಮ್ಮನಿಗೆ ಹೇಳಿದ್ದನ್ನು ನಾನು ಬಾಗಿಲ ಹಿಂದೆ ನಿಂತು ಕೇಳಿಸಿಕೊಂಡಿದ್ದೆ.

ಯಾರಿಗೂ ಹೇಳಲಿಲ್ಲ. ಯಜಮಾನರಿಗೂ ಇಲ್ಲ. ಕಣ್ಣಿನ ಡಾಕ್ಟರ ಹತ್ತಿರ ಹೋಗಲು ಕಾಲೇ ಬರಲಿಲ್ಲ, ಹೋದರೆ ಹೌದು ಅಂದುಬಿಡುತ್ತಾರಲ್ಲ! ಇದೊಂದು ಮದುವೆ ಸೀಸನ್ ಮುಗಿಯಲಿ, ಕೆಲಸ ಬಿಟ್ಟುಬಿಡೋಣ ಎಂದು ಮನಸ್ಸಿನಲ್ಲೇ ತೀರ್ಮಾನಿಸಿದೆ.

ಅಂಥ ಹೊತ್ತಿನಲ್ಲಿ ಅತ್ತೆಯ ರಗಳೆ ಶುರುವಾಯಿತು. “ಗೂಡೆ, ಈ ಪೆಟ್ಟಿಗೆಲಿ ಕಳಾವರ್ ಯಾವ್ದ್, ಇಸ್ಪೀಟ್ ಯಾವ್ದ್, ಒಂದೂ ಗೊತ್ತಾದುಲೆ. ನಂಗೆ ಹೊಸದ್ ಬೇಕ್.”

“ಆಟಕ್ಕಾ ಅತ್ತೆ?”

“ಹ್ಞೂಂ, ಆಟಕ್ಕೇ. ಯಾಕೆ, ನಾ ಆಡಿಕಾಗದಾ?”

ನನಗೆ ಉರಿದುಹೋಯಿತು. ಇಲ್ಲಿ ನನ್ನ ಕಣ್ಣೇ ಹೋಗುತ್ತಿದೆ, ಇವರಿಗೆ ಕಳಾವರ್ ಚಿಂತೆ! ಆದರೆ ಅತ್ತೆ ಪಟ್ಟು ಹಿಡಿದರೆ ಬಿಡುವವರಲ್ಲ. ಬೆಳಿಗ್ಗೆ ಕಾಫಿಗೆ ಅದೇ ಮಾತು, ಮಧ್ಯಾಹ್ನ ಊಟಕ್ಕೆ ಅದೇ ಮಾತು. ಕೊನೆಗೆ, “ಸರಿ ಮಾರಾಯ್ತಿ, ನಡೀರಿ” ಎಂದು ಅವರನ್ನು ಕರೆದುಕೊಂಡು ಮಡಿಕೇರಿ ಬಸ್ಸು ಹತ್ತಿದೆ.

ಕಂಪ್ಯೂಟರ್ ಅಂಗಡಿಯ ಹುಡುಗ ಮೊದಲು ತೋರಿಸಿದ್ದು ಎಲ್ಲಕ್ಕಿಂತ ದೊಡ್ಡದು, ತೆಳ್ಳಗಿನದು. ಕಾರು ಓಡುವ ಆಟ ಹಾಕಿ, “ನೋಡಿ ಅಮ್ಮ, ಆಟಕ್ಕೆ ಇದೇ ಸೂಪರ್” ಎಂದ. ನಾನು ಟೈಪ್ ಮಾಡಿ ನೋಡುವ ಧೈರ್ಯ ಮಾಡಲಿಲ್ಲ, ಬೆಲೆ ಕೇಳಿ ಹೌಹಾರಿ ಹಿಂದೆ ಸರಿದೆ. ಅತ್ತೆ ಇಸ್ಪೀಟಿನ ಆಟವನ್ನೇ ಹಾಕಿಸಿಕೊಂಡು ನೋಡಿ, “ಇದ್ ಬರೀ ದೊಡ್ಡದ್. ಎಲೆಯ ಅಂಚೆಲ್ಲ ಹಲ್ಲ್ ಹಲ್ಲ್” ಎಂದರು. ನಿಜವೇ. ಅಳತೆ ದೊಡ್ಡದಾಗಿದ್ದರೂ ಒಳಗಿನ ಚುಕ್ಕೆಗಳು ಚಿಕ್ಕ ಮಾನಿಟರಿನಲ್ಲಿದ್ದಷ್ಟೇ, ಹಾಗಾಗಿ ಗೆರೆ ನಯವಾಗಿರಲಿಲ್ಲ.

ಎಲ್ಲಕ್ಕಿಂತ ಅಗ್ಗದ್ದನ್ನು ತೋರಿಸಿದ. ಎದುರಿನಿಂದ ಚೆನ್ನಾಗಿಯೇ ಇತ್ತು. ಅತ್ತೆ ಹೋಗಿ ಬದಿಯ ಕುರ್ಚಿಯಲ್ಲಿ ಕೂತು, “ಇಲ್ಲಿಂದ ನೋಡಿರೆ ಎಲ್ಲ ಬಿಳಿಚಿಕಂಡುಟ್ಟು, ಬೇಡ” ಎಂದರು.

“ಅಜ್ಜಿ, ಆಡೋರು ಎದುರಿಗೆ ಕೂರೋದಲ್ವಾ?” ಎಂದು ಅಂಗಡಿಯವನು ನಕ್ಕ.

“ನನ್ನ ಜಾಗ ಇದೇ. ನೀ ಬೇರೆ ತೋರ್ಸ್.”

ಅವನು ತಲೆ ಕೆರೆದುಕೊಂಡು, ಶೋಕೇಸಿನಲ್ಲಿ ಇಟ್ಟಿದ್ದ ಒಂದನ್ನು ಇಳಿಸಿದ. ಮಧ್ಯಮ ಅಳತೆ. ಒಳ್ಳೆಯ ಮಾಲೇ, ಆದರೆ ಬಲಗಡೆಯ ಮೇಲಿನ ಮೂಲೆಯಲ್ಲಿ ಒಂದು ಚುಕ್ಕೆ ಸತ್ತು ಕಪ್ಪಾಗಿ ನಿಂತಿದೆ, ಅದಕ್ಕೇ ಯಾರೂ ಒಯ್ಯುತ್ತಿಲ್ಲ, ಕಡಿಮೆಗೆ ಕೊಡುತ್ತೇನೆ ಎಂದ. ಅತ್ತೆ ಎದುರಿನಿಂದ ನೋಡಿದರು, ಬದಿಯಿಂದ ನೋಡಿದರು, ಆ ಚುಕ್ಕೆಯನ್ನು ಬೆರಳಿನಿಂದ ಮುಟ್ಟಿ ನೋಡಿದರು. “ದೃಷ್ಟಿಬೊಟ್ಟಲ್ಲಾ ಇದ್! ಇರ್ಲಿ ಬಿಡ್” ಎಂದು ನಕ್ಕು, ನನ್ನನ್ನು ಎದುರಿನ ಕುರ್ಚಿಗೆ ತಳ್ಳಿದರು. “ನೀ ಮದುವೆ ಕಾಗದ ಬರಿ ನೋಡುವ.”

ಚಿಕ್ಕ ಅಕ್ಷರದಲ್ಲಿ ‘ವಧು’ ಎಂದು ಹೊಡೆದೆ. ಧ ಕೆಳಗಿನ ಸೀಳು ಕಂಡಿತು. ‘ಧಾರಾಮುಹೂರ್ತ’ ಎಂದು ಹೊಡೆದೆ, ‘ಸ್ತ್ರೀ’ ಎಂದು ಹೊಡೆದೆ, ಇನ್ನೂ ಚಿಕ್ಕದು ಮಾಡಿದೆ. ಕೆಳಗಿನ ಒತ್ತುಗಳೆಲ್ಲ ಬಿಡಿಬಿಡಿಯಾಗಿ, ಅಚ್ಚುಕಟ್ಟಾಗಿ ಕೂತಿದ್ದವು. ಅಯ್ಯೋ ದೇವರೇ, ನನ್ನ ಕಣ್ಣು ಇದೆ! ಅಂಗಡಿಯಲ್ಲಿ, ಆ ಹುಡುಗನ ಎದುರಿಗೇ, ನಾಚಿಕೆ ಬಿಟ್ಟು ಅತ್ತುಬಿಟ್ಟೆ. ಅವನು ಗಾಬರಿಯಾಗಿ ಬೆಲೆಯನ್ನು ಇನ್ನೂ ಸ್ವಲ್ಪ ಇಳಿಸಿದ.

ಅದೇ ವಾರ ಕಣ್ಣಿನ ಡಾಕ್ಟರ ಹತ್ತಿರವೂ ಹೋಗಿ ಬಂದೆ. ಅಪ್ಪನ ಕಾಯಿಲೆಯ ಸುಳಿವೂ ಇಲ್ಲ, ವಯಸ್ಸಿಗೆ ತಕ್ಕ ಕನ್ನಡಕ ಸಾಕು, ವರ್ಷಕ್ಕೊಮ್ಮೆ ಬಂದು ತೋರಿಸಿ ಎಂದರು. ಕೆಲಸ ಬಿಡುವ ಮಾತನ್ನು ನಾನೇ ಮರೆತೆ. ಮುಂದೆ ಎಷ್ಟೋ ವರ್ಷ ಅದೇ ಮಾನಿಟರಿನಲ್ಲಿ ಎಷ್ಟೋ ಮದುವೆ ಮಾಡಿಸಿದೆ.

ಆದರೆ ಅತ್ತೆ ಸಂಜೆ ಆಟಕ್ಕೆ ಬರಲಿಲ್ಲ. ಇವತ್ತು ಬರುತ್ತಾರೆ, ನಾಳೆ ಬರುತ್ತಾರೆ ಎಂದು ಕಾದು, ಒಂದು ದಿನ ನಾನೇ ಕೇಳಿದೆ. “ಏನತ್ತೆ, ಅಷ್ಟು ರಗಳೆ ಮಾಡಿ ತರಿಸಿಕೊಂಡ್ರಿ. ಈಗ ಕಳಾವರ್ ಕಾಣಲ್ವಾ?”

ಅವರು ಸೂಜಿಗೆ ದಾರ ಪೋಣಿಸುತ್ತಿದ್ದರು. ಹಿಂದಿನ ವರ್ಷವಷ್ಟೇ ಪೊರೆ ತೆಗೆಸಿಕೊಂಡ ಕಣ್ಣು. ಒಂದೇ ಸಲಕ್ಕೆ ದಾರ ಒಳಗೆ ಹೋಯಿತು.

“ಒಬ್ಬಳೇ ಆಡೊದು ಎಂತ ಆಟ? ಆಡಿ ಆಡಿ ನಂಗೆ ಆಗ್ಲೇ ಬೇಜಾರ್ ಆತ್. ನೀ ಗಾಜ್‌ಗೆ ಮೂಗ್ ತಾಗ್ಸಿ ಕಣ್ಣೀರ್ ಹಾಕೊದು ನೋಡ್ದೆ. ನಿನ್ನ ಅಪ್ಪನ ಕಥೆ ನಂಗೆ ಗೊತ್ತುಟ್ಟು. ಕೇಳಿರೆ ನೀ ಬಾಯಿ ಬಿಡೊಳಲ್ಲ. ಅದ್ಕೆ ನಾನೇ ಕೂತ್ ನಿನ್ನ ಅಕ್ಷರ ನೋಡ್ದೆ. ಈ ಹೊಸ ಕಣ್ಣ್‌ಗೂ ಅಲ್ಲಿ ಮಂಜೇ. ಇಬ್ಬರ ಕಣ್ಣೂ ಒಟ್ಟಿಗೆ ಹಾಳಾದಾ? ಪೆಟ್ಟಿಗೆದೇ ತಪ್ಪ್ ಅಂತ ಗೊತ್ತಾತ್.”

“ಹಾಗಂತ ನನಗೆ ಹೇಳಬಾರದಿತ್ತಾ ಅತ್ತೆ?”

“ಹೇಳಿರೆ ನೀ ನಂಬ್ತಿದ್ದಾ? ನಿನ್ನ ಕೆಲಸಕ್ಕೆ ಬೇಕ್ ಅಂತ ನಾ ಅಂದಿದ್ರೆ ನೀ ಹೊಸದ್ ತರ್ತಿದ್ದಾ?”

ಹೋಗಿ ಅವರ ಕಾಲ ಬಳಿ ಕೂತು ಮಡಿಲಲ್ಲಿ ತಲೆ ಇಟ್ಟೆ. “ಸೂಜಿ ಉಟ್ಟು, ಜೋಕೆ” ಎಂದು ಬೈದರು.

ಮರುದಿನ ಬೆಳಿಗ್ಗೆ ಕೆಲಸಕ್ಕೆ ಕೂತಾಗ ಅತ್ತೆ ತಮ್ಮ ಹೊಲಿಗೆ ಹಿಡಿದುಕೊಂಡು ಎಂದಿನಂತೆ ಬಂದು ನನ್ನ ಪಕ್ಕದ ಕುರ್ಚಿಯಲ್ಲಿ ಕೂತರು. ಅಲ್ಲಿಂದ ಪರದೆಯ ಮೇಲೊಂದು ಕಣ್ಣು, ನನ್ನ ಮೇಲೊಂದು ಕಣ್ಣು. ಅಂಗಡಿಯಲ್ಲಿ ಅವರು ಆರಿಸಿಕೊಂಡಿದ್ದ ಜಾಗ ಅದೇ.