ಖಂಡೇನವಮಿಗೆ ತೊಳೆದ ಟ್ರ್ಯಾಕ್ಟರ್

ಖಂಡೇನವಮಿಯ, ಅಂದರೆ ಆಯುಧಪೂಜೆಯ, ಹಿಂದಿನ ದಿನ ನಮ್ಮ ಕಡೆ ಗಾಡಿಗಳನ್ನು ಹೊಳೆಗೆ ಇಳಿಸಿ ತೊಳೆಯುತ್ತಾರೆ. ನಮ್ಮೂರು ರಾಯಬಾಗ ತಾಲೂಕಿನಲ್ಲಿ, ಕೃಷ್ಣೆಯ ದಂಡೆಗೇ ಇದೆ. ಮನೆಯಲ್ಲಿ ಬೋರಿನ ನೀರು ಎಷ್ಟಿದ್ದರೂ ಅತ್ತೆಗೆ ಅದು ನಡೆಯದು. ಪೂಜೆಯ ಗಾಡಿಗೆ ಹೊಳೆಯ ನೀರೇ ಬೇಕು, ತಾಮ್ರದ ತಂಬಿಗೆಯ ಹಾಗೆ ಉಸುಕಿನಿಂದಲೇ ತಿಕ್ಕಬೇಕು. ನಾನು ಸೋಪು ತೆಗೆದರೆ ಸಾಕು, "ಅದೇನ್ ನಿನ್ನ ಮಾರಿ ಏನ ಬೇ, ಸಾಬಾಣ ಹಚ್ಚಾಕ?" ಎಂದು ನಗುತ್ತಿದ್ದರು.

ಹೋದ ವರ್ಷವೂ ನನ್ನ ಗಂಡ ಟ್ರ್ಯಾಕ್ಟರನ್ನು ನೀರಿಗೆ ಇಳಿಸಿದರು. ಅತ್ತೆ ಬುಟ್ಟಿಯಲ್ಲಿ ಉಸುಕು ತಂದು ಟ್ರೇಲರಿಗೆ ಸುರುವಿ, ಹಳೆಯ ಹಂಗಾಮಿನ ಕಬ್ಬಿನ ಜಿಗಟನ್ನು ತೆಂಗಿನ ನಾರಿನಿಂದ ತಿಕ್ಕುತ್ತಿದ್ದರು. ನಾನು ಗಾಲಿ ತೊಳೆಯುತ್ತಿದ್ದೆ. ಆಗ ಪೊಲೀಸ್ ಜೀಪು ಬಂತು. ಸ್ವಲ್ಪ ದೂರದಲ್ಲಿ ಕದ್ದು ಉಸುಕು ತುಂಬುತ್ತಿದ್ದವರು ಸದ್ದು ಕೇಳಿದ್ದೇ ತಡ, ಕಬ್ಬಿನ ನಡುವಿನ ದಾರಿ ಹಿಡಿದು ಮಾಯವಾದರು. ಓಡಲು ಕಾರಣವೇ ಇಲ್ಲದ ನಾವು ನಿಂತಲ್ಲೇ ನಿಂತೆವು. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ.

"ಸಾಹೇಬ್ರ, ಇದು ತಿಕ್ಕಾಕ ತಂದ ಉಸುಕ್ರಿ," ಎಂದರು ಗಂಡ.

"ಸಿಕ್ಕವರೆಲ್ಲಾ ಹಿಂಗ ಏನರೆ ಒಂದ್ ಹೇಳ್ತಾರ. ಠಾಣೆಗೆ ನಡಿ."

ಪಂಚನಾಮೆಯಲ್ಲಿ ಟ್ರೇಲರ್ ತುಂಬ ಉಸುಕು ಎಂದು ಬರೆದರು. ಮರುದಿನ ಊರಿನ ಗಾಡಿಗಳೆಲ್ಲ ಚೆಂಡುಹೂವಿನ ಹಾರ ಹಾಕಿಕೊಂಡು ನಿಂತವು. ನಮ್ಮದು ಠಾಣೆಯ ಹಿಂದಿನ ಬೇವಿನ ಗಿಡದ ಕೆಳಗಿತ್ತು. ಅತ್ತೆ ಖಾಲಿ ಅಂಗಳಕ್ಕೆ ಬಂದು, ಟ್ರ್ಯಾಕ್ಟರ್ ನಿಲ್ಲುತ್ತಿದ್ದ ಜಾಗದ ಡೀಸೆಲ್ ಕಲೆಗೆ ಕುಂಕುಮ ಹಚ್ಚಿ ಕಾಯಿ ಒಡೆದರು. ಸತ್ತವರಿಗೆ ಎಡೆ ಇಟ್ಟ ಹಾಗಿತ್ತು ಅದು.

ಕಬ್ಬಿನ ಹಂಗಾಮು ಹತ್ತಿರ ಬಂದಿತ್ತು. ಫ್ಯಾಕ್ಟರಿಗೆ ಕಬ್ಬು ಸಾಗಿಸುವುದೇ ನಮ್ಮ ಅನ್ನ. ಗಾಡಿಯನ್ನು ಸರ್ಕಾರ ಪೂರ್ತಿ ಮುಟ್ಟುಗೋಲು ಹಾಕಿಕೊಳ್ಳಬಹುದು ಎಂದು ಯಾರೋ ಹೇಳಿದ ದಿನದಿಂದ ನನಗೆ ತುತ್ತು ಇಳಿಯಲಿಲ್ಲ.

ಚಿಕ್ಕೋಡಿಯ ವಕೀಲರು ಕಾಗದ ಓದಿ ಧೈರ್ಯ ಹೇಳಿದರು. "ಇದಕ್ಕ ಗಣಿ ಇಲಾಖೆ ಅಧಿಕಾರಿ ಲಿಖಿತ ದೂರು ಕೊಡಬೇಕ್ರಿ. ಪೊಲೀಸರು ತಾವ ಕೇಸ್ ಮಾಡ್ಯಾರ. ಆ ಮಾತ ಹಿಡಕೊಂಡ ಹೋಗೂಣು."

"ಮತ್ತ ತಿಕ್ಕಾಕ ತಂದದ್ದು ಅಂತ ಹೇಳೂದ್ರಿ?" ಎಂದೆ.

"ಅದನ್ನ ಮಾತ್ರ ಬಾಯಿ ಬಿಡಬ್ಯಾಡ್ರಿ, ಅಕ್ಕಾರ. ಒಂದ ಬುಟ್ಟಿ ತಗದ್ರೂ ತಗದಂಗ. ಒಪ್ಪಿಕೊಂಡಂಗ ಆಗತೈತಿ."

ಅಲ್ಲಿಂದ ನನ್ನ ಭಯವೆಲ್ಲ ಅತ್ತೆಯ ಮೇಲೆ ತಿರುಗಿತು. ಸತ್ಯ ಹೇಳಿದರೆ ಎಲ್ಲ ಸರಿಹೋಗುತ್ತದೆ ಎಂಬುದು ಅವರ ನಂಬಿಕೆ. ಗಿರಣಿಯಲ್ಲಿ, ಬಸ್ಸಿನಲ್ಲಿ, ಸಿಕ್ಕವರ ಮುಂದೆಲ್ಲ, "ಉಸುಕ ಹಾಕಿದಾಕಿ ನಾನ ಅದೀನಿ, ನನ್ನ ಮಗಂದೇನ ತಪ್ಪಿಲ್ಲ," ಎನ್ನುತ್ತಿದ್ದರು. ಒಮ್ಮೆ ಸಿಟ್ಟು ತಡೆಯದೆ ಅವರ ಬಾಯಿಗೆ ಕೈ ಅಡ್ಡ ಹಿಡಿದೆ. ಅವರ ತುಟಿ ನನ್ನ ಅಂಗೈಯಲ್ಲಿ ನಡುಗಿದ್ದು ಇನ್ನೂ ನೆನಪಿದೆ.

ಗಾಡಿ ಬಿಡಿಸಿಕೊಳ್ಳಲು ಹಾಕಿದ ಅರ್ಜಿ ಕೆಳಗಿನ ಕೋರ್ಟಿನಲ್ಲಿ ಬಿದ್ದುಹೋಯಿತು. ಧಾರವಾಡದ ಹೈಕೋರ್ಟಿಗೆ ಹೋದೆವು. ಬೇಡವೆಂದರೂ ಅತ್ತೆ ಬಂದರು. ಹಿಂದಿನ ಬೆಂಚಿನಲ್ಲಿ ಸೆರಗನ್ನು ಬಾಯಿಗೆ ತುರುಕಿಕೊಂಡು ಕುಳಿತರು. ಇವರೆಲ್ಲಿ ಎದ್ದು ನಿಂತು ಕೂಗಿಬಿಡುತ್ತಾರೋ ಎಂದು ನಾನು ಅವರ ಮೊಣಕೈ ಹಿಡಿದೇ ಇದ್ದೆ. ಮುಂದೆ ಇಂಗ್ಲಿಷಿನಲ್ಲಿ ಏನೇನೋ ನಡೆಯಿತು. ವಕೀಲರು ನಮ್ಮನ್ನು ಹೊರಗೆ ಕರೆದು, "ಗಾಡಿ ಬಿಡ್ತಾರ್ರಿ," ಎಂದಾಗಲೇ ಅತ್ತೆ ಬಾಯಿಂದ ಸೆರಗು ತೆಗೆದದ್ದು.

ಬಿಟ್ಟರು, ನಿಜ. ಆದರೆ ಕೇಸು ಮುಗಿದಿಲ್ಲ. ಗಾಡಿ ಮಾರಬಾರದು, ಬಣ್ಣ ಬದಲಿಸಬಾರದು, ಕರೆದಾಗ ತಂದು ನಿಲ್ಲಿಸಬೇಕು ಎಂದು ಮುಚ್ಚಳಿಕೆ ಬರೆದುಕೊಟ್ಟೇ ತಂದದ್ದು. ಬೇವಿನೆಲೆ, ಹಕ್ಕಿಯ ಹಿಕ್ಕೆ ಹೊತ್ತು ಟ್ರ್ಯಾಕ್ಟರ್ ಅಂಗಳಕ್ಕೆ ಬಂತು. ಆರತಿ ತಟ್ಟೆ ಹಿಡಿದು ಬಂದ ಅತ್ತೆ ಟ್ರೇಲರಿನ ಮೂಲೆ ನೋಡಿ ನಿಂತುಬಿಟ್ಟರು. ಬಿರುಕಿನಲ್ಲಿ ಹಿಡಿಯಷ್ಟು ಉಸುಕು ಒಣಗಿ ಅಂಟಿತ್ತು. ತಟ್ಟೆ ಕೆಳಗಿಟ್ಟು ಕಸಬರಿಗೆ ಕಡ್ಡಿಯಿಂದ ಕೆದರಿ ಸೆರಗಿಗೆ ತುಂಬಿಕೊಂಡರು.

"ಹೊಳಿಗೆ ಚೆಲ್ಲಿ ಬರ್ತೀನಿ."

"ಬ್ಯಾಡ್ರಿ ಅತ್ತಿ! ಯಾರರೆ ನೋಡಿದ್ರ?"

ಹೊಳೆಯದನ್ನು ಹೊಳೆಗೆ ಕೊಡಲೂ ಹೆದರಿದೆವು. ಕೊನೆಗೆ ಹಿತ್ತಲಲ್ಲಿ ಗುಂಡಿ ತೋಡಿ ಮುಚ್ಚಿದೆವು.

ಈ ಸಲದ ಖಂಡೇನವಮಿಗೆ ಟ್ರ್ಯಾಕ್ಟರನ್ನು ಅಂಗಳದಲ್ಲೇ ತೊಳೆದೆವು. ಅತ್ತೆ ಬೋರಿನ ಪೈಪು ಹಿಡಿದು ನಿಂತಿದ್ದರು. ರಸ್ತೆಯಲ್ಲಿ ಯಾವುದೋ ಜೀಪು ಹಾದುಹೋಯಿತು. ಅದರ ಸದ್ದು ಅಡಗುವವರೆಗೂ ಇಬ್ಬರೂ ಅಲ್ಲಾಡಲಿಲ್ಲ. ಆಮೇಲೆ ಅತ್ತೆ ನನ್ನ ಮುಖ ನೋಡದೆ ಕೈ ಚಾಚಿದರು.

"ಸಾಬಾಣ ಕೊಡ ಬೇ," ಎಂದರು.